ಬೆನ್ನು ಒತ್ತಿ ಬಗ್ಗಿಸುವ ಮುನ್ನ

ಮಾನ್ಯ ಸಂಪಾದಕರೇ,

ಬೆಳಿಗ್ಗೆ ಆರೂವರೆಗೆ ಲಾಲ್‌ಬಾಗ್‌ನಲ್ಲೋ ಕಬ್ಬನ್ ಪಾರ್ಕ್‌ನಲ್ಲೋ ಒಂದು ಸುತ್ತು ಹಾಕಿದರೆ ಈ ದೃಶ್ಯ ಕಣ್ಣಿಗೆ ಬೀಳದೆ ಇರುವುದಿಲ್ಲ. ಒಬ್ಬರು ಪಶ್ಚಿಮೋತ್ತಾನಾಸನಕ್ಕೆಂದು, ಮುಂದೆ ಬಾಗಿ ಕಾಲ್ಬೆರಳು ಮುಟ್ಟಲು, ಕಾಲು ಚಾಚಿ ಹುಲ್ಲಿನ ಮೇಲೆ ಕೂತಿರುತ್ತಾರೆ. ಇನ್ನೊಬ್ಬರು ಹಿಂದೆ ನಿಂತು, ಅವರ ಬೆನ್ನಿಗೆ ಎರಡೂ ಅಂಗೈ ಊರಿ, ‘ಇನ್ನೊಂಚೂರು, ಇನ್ನೊಂಚೂರು’ ಎಂದು ಒತ್ತುತ್ತಿರುತ್ತಾರೆ. ಕೂತವರ ಮುಖ ಕೆಂಪು, ಉಸಿರು ಬಿಗಿ. ಕೈಬೆರಳಿಗೂ ಕಾಲ್ಬೆರಳಿಗೂ ನಡುವೆ ಇನ್ನೂ ಒಂದು ಗೇಣು. ಪತ್ರಿಕೆಗಳ ಆರೋಗ್ಯ ಪುಟದ ಚಿತ್ರಗಳ ಕೆಳಗೂ ಸಾಮಾನ್ಯವಾಗಿ ಇದೇ ಧಾಟಿಯ ಸೂಚನೆ ಇರುತ್ತದೆ: ‘ಸಾಧ್ಯವಾದಷ್ಟು ಬಾಗಿ, 30 ಎಣಿಸಿ.’ ಎಷ್ಟು ಬಲ ಹಾಕಬೇಕು, ಎಳೆತ ಎಲ್ಲಿ ಗೊತ್ತಾಗಬೇಕು, ಯಾರು ಮಾಡಲೇಬಾರದು ಎಂಬುದು ಅಲ್ಲಿರುವುದಿಲ್ಲ. ಅದನ್ನು ಹೇಳಲು ಈ ಪತ್ರ. ಉದ್ದವಾಗಿದೆ, ಕತ್ತರಿ ಹಾಕುವುದಿದ್ದರೆ ಎಚ್ಚರಿಕೆಯ ಭಾಗಕ್ಕೆ ಮಾತ್ರ ಹಾಕಬೇಡಿ.

ಮೊದಲು ಒಂದು ಪದದ ಗೊಂದಲ. ನಮ್ಮಲ್ಲಿ ತೊಡೆಯ ಹಿಂಭಾಗ ಬಿಗಿದರೆ ‘ನರ ಎಳೀತಿದೆ’ ಅನ್ನುತ್ತಾರೆ, ಮೀನಖಂಡ ಗಂಟು ಕಟ್ಟಿದರೆ ‘ನರ ಹಿಡ್ಕೊಂಡಿದೆ’ ಅನ್ನುತ್ತಾರೆ, ಮುಂಗೈ ಮೇಲೆ ನೀಲಿಯಾಗಿ ಉಬ್ಬಿದ ರಕ್ತನಾಳವೂ ನರವೇ. ಸ್ನಾಯು, ಅದನ್ನು ಮೂಳೆಗೆ ಬಿಗಿದ ರಜ್ಜು, ರಕ್ತನಾಳ, ನಿಜವಾದ ನರ ಈ ನಾಲ್ಕಕ್ಕೂ ಒಂದೇ ಹೆಸರು. ಆಡುಮಾತಿಗೆ ಇಷ್ಟು ಸಾಕು, ಸ್ಟ್ರೆಚಿಂಗ್ ಮಾಡುವವರಿಗೆ ಸಾಲದು. ಸ್ನಾಯುವನ್ನು ಹದವಾಗಿ ಎಳೆದು ಹಿಡಿಯಬಹುದು. ಕೆರಳಿದ ನರವನ್ನು ಎಳೆದು ಹಿಡಿದರೆ ನೋವು ಎರಡು ದಿನ ಬಿಡುವುದಿಲ್ಲ.

ಬಗ್ಗುತ್ತಾ ಹೋದಾಗ ಒಂದು ಕಡೆ ದೇಹ ‘ಇಷ್ಟೇ’ ಎಂದು ನಿಂತುಬಿಡುತ್ತದಲ್ಲ, ನಿಲ್ಲಿಸುವವರು ಯಾರು? ಸ್ನಾಯು ಗಿಡ್ಡವಾಗಿದೆ, ಎಳೆದು ಉದ್ದ ಮಾಡಬೇಕು ಎಂಬುದು ಎಲ್ಲರ ಊಹೆ. ಸ್ನಾಯು ಪರೋಟದ ಹಿಟ್ಟಲ್ಲ. ಅದರೊಳಗೆ ಕದಿರಿನ ಆಕಾರದ ಪುಟ್ಟ ಸಂವೇದಕಗಳಿವೆ. ಸ್ನಾಯು ಎಷ್ಟು ಹಿಗ್ಗಿತು, ಎಷ್ಟು ವೇಗವಾಗಿ ಹಿಗ್ಗಿತು ಎಂಬ ಎರಡು ಸುದ್ದಿಯನ್ನೂ ಅವು ಬೆನ್ನುಹುರಿಗೆ ಮುಟ್ಟಿಸುತ್ತವೆ. ವೇಗ ಜಾಸ್ತಿಯಾಯಿತೆಂದರೆ ಮಿದುಳಿನ ಅಪ್ಪಣೆಗೆ ಕಾಯದೆ ಬೆನ್ನುಹುರಿಯೇ ಸ್ನಾಯುವನ್ನು ಬಿಗಿಯುತ್ತದೆ. ಡಾಕ್ಟರು ಮಂಡಿಚಿಪ್ಪಿನ ಕೆಳಗೆ ಸಣ್ಣ ಸುತ್ತಿಗೆಯಿಂದ ತಟ್ಟಿದಾಗ ಕಾಲು ಚಿಮ್ಮುವುದು ಇದರಿಂದಲೇ. ಜಗ್ಗಿ ಜಗ್ಗಿ ಬಗ್ಗುವವರು ಪ್ರತಿ ಜಗ್ಗಿಗೂ ತಾವು ಸಡಿಲಿಸಬೇಕೆಂದ ಸ್ನಾಯುವನ್ನೇ ಬಿಗಿಗೊಳಿಸುತ್ತಿರುತ್ತಾರೆ. ರಜ್ಜುವಿನಲ್ಲಿ ಇನ್ನೊಂದು ಬಗೆಯ ಸಂವೇದಕಗಳಿವೆ. ಅವು ಉದ್ದವನ್ನಲ್ಲ, ಬಲವನ್ನು ಅಳೆಯುತ್ತವೆ. ಇವೆಲ್ಲದರ ವರದಿ ನೋಡಿ, ಈ ಭಂಗಿ ಅಪಾಯವೋ ಅಲ್ಲವೋ ಎಂದು ಮಿದುಳು ತೀರ್ಮಾನಿಸುತ್ತದೆ. ಕೆಲವು ವಾರ ಸ್ಟ್ರೆಚಿಂಗ್ ಮಾಡಿ ಹೆಚ್ಚು ಬಗ್ಗಲು ಕಲಿತವರ ಸ್ನಾಯುವನ್ನು ಉಪಕರಣದಿಂದ ಪರೀಕ್ಷಿಸಿದಾಗ ಬಹುಪಾಲು ಕಂಡುಬಂದದ್ದು ಏನೆಂದರೆ, ಅದರ ಗಡಸುತನ ಅಷ್ಟೇನೂ ಇಳಿದಿಲ್ಲ, ಎಳೆತವನ್ನು ತಾಳಿಕೊಳ್ಳುವ ಶಕ್ತಿ ಬೆಳೆದಿದೆ. ಕಾವಲುಗಾರ ಬಾಗಿಲನ್ನು ಇನ್ನು ನಾಲ್ಕು ಬೆರಳು ತೆರೆದಿದ್ದಾನೆ, ಅಷ್ಟೆ. ಹಿಂದಿನಿಂದ ಒತ್ತುವವರು ಅವನನ್ನು ನೂಕಿ ಒಳನುಗ್ಗಲು ನೋಡುತ್ತಾರೆ. ಅವನು ಅಗಳಿ ಹಾಕಿಕೊಳ್ಳುತ್ತಾನೆ.

ಇವನನ್ನು ಒಲಿಸಿಕೊಳ್ಳುವ ಉಪಾಯ ನಮಗೆ ಹುಟ್ಟಿನಿಂದಲೇ ಗೊತ್ತು. ಹಾಸಿಗೆಯಿಂದ ಏಳುವಾಗ ಮೈ ಮುರಿಯುತ್ತೇವಲ್ಲ, ಆಗ ಕೈಕಾಲನ್ನು ಬರೀ ಚಾಚುವುದಿಲ್ಲ. ಚಾಚುತ್ತಲೇ ಬಿಗಿದು, ಆಮೇಲೆ ಸಡಿಲ ಬಿಡುತ್ತೇವೆ. ಬಿಗಿದು ಬಿಟ್ಟ ಸ್ನಾಯು ಮೊದಲಿಗಿಂತ ಹೆಚ್ಚು ಎಳೆತಕ್ಕೆ ಒಪ್ಪುತ್ತದೆ. ಇದನ್ನೇ ಶಿಸ್ತಿಗೆ ತಂದ ಪದ್ಧತಿಗೆ ಪ್ರೊಪ್ರಿಯೋಸೆಪ್ಟಿವ್ ನ್ಯೂರೋಮಸ್ಕ್ಯುಲರ್ ಫೆಸಿಲಿಟೇಷನ್ ಎಂಬ ಉದ್ದನೆಯ ಹೆಸರಿದೆ, ಫಿಸಿಯೋಥೆರಪಿಯವರ ಬಾಯಲ್ಲಿ ಪಿಎನ್‌ಎಫ್. 1940ರ ದಶಕದಲ್ಲಿ ಅಮೆರಿಕದ ವೈದ್ಯ ಹರ್ಮನ್ ಕಬಾಟ್ ಮತ್ತು ಫಿಸಿಯೋಥೆರಪಿಸ್ಟ್ ಮಾರ್ಗರೆಟ್ ನಾಟ್ ಇದನ್ನು ರೂಪಿಸಿದರು. ಡೊರೊಥಿ ವಾಸ್ ಆಮೇಲೆ ಜೊತೆಯಾದರು. ಒಂದು ಸ್ನಾಯು ಬಿಗಿದಾಗ ಅದರ ಎದುರಾಳಿ ಸಡಿಲವಾಗುತ್ತದೆ ಎಂಬಂಥ ನಿಯಮಗಳನ್ನು ತೋರಿಸಿಕೊಟ್ಟು, 1932ರಲ್ಲಿ ನೊಬೆಲ್ ಪಡೆದ ಚಾರ್ಲ್ಸ್ ಶೆರಿಂಗ್ಟನ್ ಅವರ ಕೆಲಸವೇ ಇದಕ್ಕೆ ಬುನಾದಿ. ಗಮನಿಸಬೇಕಾದ್ದು, ಇದು ಹುಟ್ಟಿದ್ದು ಮೈ ಬಳುಕಿಸಲಿಕ್ಕಲ್ಲ. ಪೋಲಿಯೊದಂಥ ಕಾಯಿಲೆಗಳಿಂದ ಕೈಕಾಲು ಸೋತವರಿಗೆ ಮತ್ತೆ ಚಲನೆ ಕಲಿಸಲಿಕ್ಕೆ. ಜಿಮ್‌ಗಳು ಅದರಲ್ಲಿ ಒಂದು ಎಳೆಯನ್ನಷ್ಟೇ ಎತ್ತಿಕೊಂಡವು.

ಇದು ಏಕೆ ಕೆಲಸ ಮಾಡುತ್ತದೆ ಎಂಬುದಕ್ಕೆ ಹಳೆಯ ಪಠ್ಯಗಳು, ಬಿಗಿತದಿಂದ ರಜ್ಜುವಿನ ಸಂವೇದಕಗಳು ಎಚ್ಚೆತ್ತು ಸ್ನಾಯುವನ್ನು ಶಾಂತಗೊಳಿಸುತ್ತವೆ ಎನ್ನುತ್ತಿದ್ದವು. ಆ ಶಾಂತಿ ಕ್ಷಣಮಾತ್ರದ್ದು, 20 ಸೆಕೆಂಡಿನ ಸಡಿಲಕ್ಕೆ ಅದೊಂದೇ ಕಾರಣವಾಗಲಾರದು ಎಂದು ಆಮೇಲೆ ತಿಳಿಯಿತು. ಎಳೆತದ ಸಹನೆ ಹೆಚ್ಚುತ್ತದೆ ಎಂಬುದು ಈಗ ಹೆಚ್ಚು ಒಪ್ಪಿತವಾದ ವಿವರಣೆ. ಕಾರಣ ಬದಲಾಯಿತು, ಫಲ ಹಾಗೇ ಉಳಿಯಿತು.

ಮನೆಯಲ್ಲಿ ಒಬ್ಬರೇ ಮಾಡಬಹುದಾದ ಕ್ರಮ ಹೀಗೆ, ತೊಡೆಯ ಹಿಂಭಾಗದ ಹ್ಯಾಮ್‌ಸ್ಟ್ರಿಂಗ್ ಸ್ನಾಯುಗಳಿಗೆ. ಐದು ನಿಮಿಷ ಚುರುಕಾಗಿ ನಡೆಯಿರಿ ಅಥವಾ ಮೆಟ್ಟಿಲು ಹತ್ತಿಳಿಯಿರಿ. ಡಿಸೆಂಬರ್ ಮುಂಜಾನೆಯಾದರೆ ಹತ್ತು ನಿಮಿಷ. ಚಾಪೆಯ ಮೇಲೆ ಅಂಗಾತ ಮಲಗಿ. ಹಳೆಯ ಪಂಚೆಯನ್ನೋ ವೇಲನ್ನೋ ಉದ್ದಕ್ಕೆ ಮಡಚಿ ಒಂದು ಪಾದಕ್ಕೆ ತೊಡಿಸಿ. ಎಲ್ಲಿ ತೊಡಿಸುತ್ತೀರಿ ಎಂಬುದು ಮುಖ್ಯ: ಬೆರಳುಗಳ ಬುಡಕ್ಕಲ್ಲ, ಹಿಮ್ಮಡಿಯ ಹತ್ತಿರಕ್ಕೆ. ಬೆರಳ ಬುಡಕ್ಕೆ ಹಾಕಿ ಎಳೆದರೆ ಪಾದ ಮೊಣಕಾಲಿನತ್ತ ಬಾಗಿ ಮೀನಖಂಡವೂ ಕಾಲಿನ ದೊಡ್ಡ ನರವೂ ಒಟ್ಟಿಗೆ ಎಳೆಯಲ್ಪಡುತ್ತವೆ, ಹ್ಯಾಮ್‌ಸ್ಟ್ರಿಂಗ್‌ಗೆ ಸರದಿ ಬರುವ ಮೊದಲೇ ‘ಸಾಕು’ ಅನ್ನಿಸುತ್ತದೆ. ಇನ್ನೊಂದು ಕಾಲು ನೇರವಾಗಿರಲಿ. ಸೊಂಟ ನೋಯುವವರು ಆ ಮಂಡಿಯನ್ನು ಮಡಚಿ ಪಾದ ಊರಿಕೊಳ್ಳಲಿ. ಈಗ ಬಟ್ಟೆಯ ಆಸರೆಯಿಂದ ಕಾಲನ್ನು ನಿಧಾನಕ್ಕೆ ಎತ್ತಿ. ತೊಡೆಯ ಹಿಂದೆ ಎಳೆತ ಶುರುವಾದ ಜಾಗದಲ್ಲಿ, ಹತ್ತಕ್ಕೆ ನಾಲ್ಕರಷ್ಟು ಅನ್ನಿಸುವಲ್ಲಿ ನಿಲ್ಲಿಸಿ, ಹತ್ತು ಸೆಕೆಂಡು ಇರಿ.

ಮುಂದಿನದು ತಿರುಳು. ಕಾಲನ್ನು ನೆಲಕ್ಕೆ ಇಳಿಸುವವರಂತೆ ಹಿಮ್ಮಡಿಯಿಂದ ಬಟ್ಟೆಯನ್ನು ಒತ್ತಿ, ಆದರೆ ಕೈ ಬಿಗಿ ಹಿಡಿದು ಕಾಲು ಕದಲದಂತೆ ನೋಡಿಕೊಳ್ಳಿ. ಐದಾರು ಸೆಕೆಂಡು ಸಾಕು. ಬಲ ನಿಮ್ಮ ಪೂರ್ತಿ ಶಕ್ತಿಯ ಕಾಲು ಭಾಗದಿಂದ ಅರ್ಧದೊಳಗೆ. ಒತ್ತುವಾಗ ಉಸಿರು ಹೊರಗೆ ಹೋಗುತ್ತಿರಲಿ. ಬಾಯಲ್ಲಿ ಎಣಿಸಿದರೆ ಉಸಿರು ತಾನಾಗಿ ಹೋಗುತ್ತದೆ. ಒತ್ತುವುದನ್ನು ನಿಲ್ಲಿಸಿ ಒಂದು ಉಸಿರಿನಷ್ಟು ಸುಮ್ಮನಿರಿ. ಆಮೇಲೆ ಬಟ್ಟೆಯಿಂದ ಎಳೆಯಬೇಡಿ. ತೊಡೆಯ ಮುಂಭಾಗದ ಬಲದಿಂದ ಕಾಲನ್ನು ತಾನೇ ಮೇಲೆತ್ತಿ, ಅದು ಎಷ್ಟು ಮೇಲೆ ಹೋಯಿತೋ ಅಷ್ಟು ಸಡಿಲವನ್ನು ಮಾತ್ರ ಬಟ್ಟೆಯಲ್ಲಿ ಸುತ್ತಿಕೊಳ್ಳಿ. ಸಾಮಾನ್ಯವಾಗಿ ಎರಡು ಮೂರು ಬೆರಳಿನಷ್ಟು ಸಿಗುತ್ತದೆ. ಅಲ್ಲಿ 15ರಿಂದ 20 ಸೆಕೆಂಡು. ಇಷ್ಟಾದರೆ ಒಂದು ಸುತ್ತು. ಒಂದು ಕಾಲಿಗೆ ಮೂರು ಸುತ್ತು, ವಾರಕ್ಕೆ ಮೂರು ದಿನ. ನಾಲ್ಕನೇ ಸುತ್ತಿನಿಂದ ಹೆಚ್ಚಿನ ಲಾಭವಿಲ್ಲ, ಮಾರನೆಯ ದಿನ ಮೈನೋವು ಮಾತ್ರ ಬರಬಹುದು.

ಎಲ್ಲಿ ಕೆಡುತ್ತದೆ? ಹುಮ್ಮಸ್ಸಿಗೆ ಪೂರ್ತಿ ಬಲ ಹಾಕುತ್ತಾರೆ, ತೊಡೆಯ ಹಿಂದೆ ಕೆಂಡ ಇಟ್ಟಂತೆ ಸ್ನಾಯು ಸೆಟೆದುಕೊಳ್ಳುತ್ತದೆ. ಹಾಗಾದರೆ ಮಂಡಿ ಮಡಚಿ, ಎದುರು ಸ್ನಾಯು ಬಿಗಿಯುವಂತೆ ಮಂಡಿಯನ್ನು ನಿಧಾನಕ್ಕೆ ಚಾಚಿ. ಮುಂದಿನ ಸಲ ಬಲವನ್ನು ಅರ್ಧಕ್ಕಿಳಿಸಿ. ಉಸಿರು ಕಟ್ಟಿ ಒತ್ತಿದರೆ ರಕ್ತದೊತ್ತಡ ಸರ್ರನೆ ಏರುತ್ತದೆ. ಬಿಪಿ ಮಾತ್ರೆ ತೆಗೆದುಕೊಳ್ಳುವವರು ಕಾಲು ಭಾಗಕ್ಕಿಂತ ಹೆಚ್ಚು ಬಲ ಹಾಕಲೇಬಾರದು. ಮೂರನೆಯ ತಪ್ಪು ಕಣ್ಣಿಗೆ ಕಾಣುವುದಿಲ್ಲ: ಕಾಲು ಇನ್ನೂ ಎತ್ತರಕ್ಕೆ ಹೋಯಿತೆಂದು ಖುಷಿಪಡುವ ಹೊತ್ತಿಗೆ ಪೃಷ್ಠ ನೆಲದಿಂದ ಎದ್ದಿರುತ್ತದೆ. ಬಾಗಿದ್ದು ಸೊಂಟ, ಹ್ಯಾಮ್‌ಸ್ಟ್ರಿಂಗ್ ಇದ್ದಲ್ಲೇ ಇದೆ. ಜೊತೆಗಾರರ ಸಹಾಯ ಪಡೆಯುವುದಾದರೆ ಅವರು ಮಂಡಿ ಊರಿ ಕೂತು, ನಿಮ್ಮ ಹಿಮ್ಮಡಿಯನ್ನು ಹೆಗಲ ಮೇಲೆ ಇಟ್ಟುಕೊಂಡು, ಒಂದು ಕೈಯನ್ನು ಮಂಡಿಚಿಪ್ಪಿನ ಮೇಲಲ್ಲ, ಅದಕ್ಕಿಂತ ಮೇಲೆ ತೊಡೆಯ ಮೇಲೆ ಇಡಲಿ. ಒತ್ತುವ ಕೆಲಸ ಮಲಗಿದವರದು, ಜೊತೆಗಾರರು ಬರೀ ಗೋಡೆ. ‘ಸಾಕು’ ಎಂದರೆ ಮರುಕ್ಷಣ ಬಿಡಬೇಕು. ಮಾತಾಡಿಕೊಂಡು ಮಾಡಿಸುವವರ ಕೈಗೆ ಕಾಲು ಕೊಡದಿರುವುದು ಲೇಸು.

ಇನ್ನು ನರದ ವಿಷಯ. ಮೇಲಿನಂತೆ ಕಾಲು ಎತ್ತಿ ನಿಲ್ಲಿಸಿದಾಗ ಎಳೆತ ತೊಡೆಯ ನಡುಭಾಗದ ತುಂಬ ಹರಡಿದಂತೆ, ಮಂದವಾಗಿ ಗೊತ್ತಾದರೆ ಅದು ಸ್ನಾಯು. ಮಂಡಿಯ ಹಿಂದೆ ದಾರ ಬಿಗಿದಂತೆ ತೆಳ್ಳಗೆ, ಅಥವಾ ಮೀನಖಂಡ, ಪಾದದವರೆಗೆ ಜುಮ್ಮೆನ್ನುವಂತೆ, ಕರೆಂಟ್ ಹೊಡೆದಂತೆ ಗೊತ್ತಾದರೆ ಅನುಮಾನಿಸಿ. ಖಚಿತಪಡಿಸಿಕೊಳ್ಳಲು ಕಾಲನ್ನು ಅದೇ ಎತ್ತರದಲ್ಲಿಟ್ಟು, ತಲೆ ಎತ್ತಿ ಗಲ್ಲವನ್ನು ಎದೆಗೆ ತನ್ನಿ. ಕುತ್ತಿಗೆಗೂ ಹ್ಯಾಮ್‌ಸ್ಟ್ರಿಂಗ್‌ಗೂ ನೆಂಟಸ್ತಿಕೆ ಇಲ್ಲ, ಆದರೆ ಮಿದುಳಿನಿಂದ ಪಾದದ ತನಕ ನರಮಂಡಲ ಒಂದೇ ಹೆಣಿಗೆ. ತಲೆ ಎತ್ತಿದ್ದಕ್ಕೆ ಕಾಲಿನ ಎಳೆತ ಹೆಚ್ಚಿದರೆ ಅಲ್ಲಿ ಬಿಗಿದಿರುವುದು ನರ. ‘ಆರು ತಿಂಗಳಿಂದ ದಿನಾ ಸ್ಟ್ರೆಚ್ ಮಾಡ್ತೀನಿ, ಒಂದಿಂಚೂ ಬಗ್ಗಲ್ಲ’ ಎನ್ನುವವರಲ್ಲಿ ಇಂಥವರು ಕಡಿಮೆಯೇನಿಲ್ಲ.

ಇವರು ಎಳೆದು ಹಿಡಿಯಬಾರದು. ನರ ತನ್ನ ಹಾದಿಯಲ್ಲಿ ಹಿಂದೆ ಮುಂದೆ ಜಾರುವಂತೆ ಮಾಡಬೇಕು. ಎತ್ತರದ ಕುರ್ಚಿಯ ಮೇಲೆ ಬೆನ್ನು ಸ್ವಲ್ಪ ಕುಗ್ಗಿಸಿ ಕೂರಿ. ಮಂಡಿಯನ್ನು ನೇರ ಮಾಡುತ್ತಾ ಅದೇ ಹೊತ್ತಿಗೆ ತಲೆಯನ್ನು ಮೇಲಕ್ಕೆತ್ತಿ ಚಾವಣಿ ನೋಡಿ. ಮಂಡಿ ಮಡಚುತ್ತಾ ತಲೆ ತಗ್ಗಿಸಿ. ಒಂದು ತುದಿಯಲ್ಲಿ ಎಳೆದಾಗ ಇನ್ನೊಂದು ತುದಿಯಲ್ಲಿ ಸಡಿಲ ಬಿಟ್ಟಂತೆ. ಯಾವ ತುದಿಯಲ್ಲೂ ನಿಲ್ಲಬಾರದು, 10ರಿಂದ 15 ಸಲ, ನೋವು ಸುಳಿಯಬಾರದು. ಜುಮ್ಮೆನ್ನುವುದು ಮುಗಿಸಿದ ಮೇಲೂ ಉಳಿದರೆ ಮಂಡಿ ಚಾಚುವುದನ್ನು ಅರ್ಧಕ್ಕೆ ಇಳಿಸಿ. ಸಯಾಟಿಕಾ (ಸೊಂಟದಿಂದ ಕಾಲಿಗೆ ಇಳಿಯುವ ನರದ ನೋವು) ಇರುವವರು ಇದನ್ನೂ ಪರೀಕ್ಷೆ ಮಾಡಿಸಿಕೊಂಡೇ ಶುರುಮಾಡಬೇಕು. ಕಾಲಿನ ಬಲ ಕುಂದಿದ್ದರೆ, ಮಲಮೂತ್ರದ ಮೇಲೆ ಹತೋಟಿ ತಪ್ಪಿದರೆ, ಕೂತಾಗ ನೆಲ ಮುಟ್ಟುವ ಭಾಗ ಮರಗಟ್ಟಿದ್ದರೆ ಸ್ಟ್ರೆಚಿಂಗ್ ಮಾತೇ ಬೇಡ, ಅದೇ ದಿನ ಆಸ್ಪತ್ರೆಯ ತುರ್ತು ವಿಭಾಗಕ್ಕೆ ಹೋಗಬೇಕು.

ಪಾರ್ಕ್‌ನ ಪಶ್ಚಿಮೋತ್ತಾನಾಸನಕ್ಕೆ ಮರಳೋಣ. ಆಸನದ ತಪ್ಪಲ್ಲ ಅದು. ನೆಲದ ಮೇಲೆ ಕಾಲು ಚಾಚಿ ಕೂತಾಗ ಹ್ಯಾಮ್‌ಸ್ಟ್ರಿಂಗ್ ಬಿಗಿಯಿರುವವರ ಸೊಂಟದ ಕಟ್ಟು ಹಿಂದಕ್ಕೆ ವಾಲಿರುತ್ತದೆ. ಅಲ್ಲಿಂದ ಒತ್ತಿದರೆ ಬಾಗುವುದು ತೊಡೆಸಂದು ಅಲ್ಲ, ಬೆನ್ನಿನ ಕೆಳಭಾಗ. ಅದೂ ಬೆಳಗಿನ ಹೊತ್ತು. ರಾತ್ರಿ ಮಲಗಿದಾಗ ಬೆನ್ನುಮೂಳೆಯ ನಡುವಿನ ಡಿಸ್ಕ್‌ಗಳು ನೀರು ಹೀರಿ ಉಬ್ಬಿರುತ್ತವೆ. ಎದ್ದ ಮೊದಲ ಗಂಟೆಯಲ್ಲಿ ಬಾಗಿದಾಗ ಅವುಗಳ ಮೇಲೆ ಬೀಳುವ ಒತ್ತಡ ಹೆಚ್ಚು. ಬೆನ್ನುನೋವಿನವರು ಆ ಒಂದು ಗಂಟೆ ಆಳವಾಗಿ ಬಾಗದೆ ಇದ್ದರೆ ನಷ್ಟವೇನೂ ಇಲ್ಲ. ಉಳಿದವರು ಒಂದು ಜಮಖಾನವನ್ನೋ ಕಂಬಳಿಯನ್ನೋ ನಾಲ್ಕು ಮಡಿಕೆ ಮಾಡಿ ಅದರ ಅಂಚಿನ ಮೇಲೆ ಕೂರಲಿ. ಸೊಂಟದ ಕಟ್ಟು ಮುಂದಕ್ಕೆ ತಿರುಗುತ್ತದೆ. ಮಂಡಿಯನ್ನು ಸ್ವಲ್ಪ ಮಡಚಿಕೊಂಡರೂ ಆಸನ ಕೆಡುವುದಿಲ್ಲ. ಕೋಲಾರ ಜಿಲ್ಲೆಯ ಬೆಳ್ಳೂರಿನಲ್ಲಿ ಹುಟ್ಟಿ ಜಗತ್ತಿಗೇ ಯೋಗ ಕಲಿಸಿದ ಬಿ.ಕೆ.ಎಸ್. ಅಯ್ಯಂಗಾರ್ ಅವರು ಬೆಲ್ಟು, ಮರದ ಇಟ್ಟಿಗೆ, ಕಂಬಳಿ, ಕುರ್ಚಿಗಳನ್ನು ಆಸನದ ಭಾಗವಾಗಿಯೇ ಬಳಸಿದರು. ಮೇಲೆ ಹೇಳಿದ ಪಂಚೆಯ ಕ್ರಮ ಅವರ ಪದ್ಧತಿಯ ಸುಪ್ತ ಪಾದಾಂಗುಷ್ಠಾಸನಕ್ಕೆ ಹತ್ತಿರದ್ದೇ. ಹಾಗಿದ್ದೂ ನಮ್ಮ ಪಾರ್ಕ್‌ಗಳಲ್ಲಿ ಆಸರೆ ಬಳಸುವುದೆಂದರೆ ಅವಮಾನ ಎಂಬಂತೆ ನಡೆದುಕೊಳ್ಳುತ್ತಾರೆ.

ಹೊರವರ್ತುಲ ರಸ್ತೆಯ ಕಚೇರಿಗಳಲ್ಲಿ ಎಂಟು ಗಂಟೆ, ಸಿಲ್ಕ್ ಬೋರ್ಡ್ ದಾಟಲು ಇನ್ನೊಂದಿಷ್ಟು, ಹೀಗೆ ದಿನವೆಲ್ಲ ಕೂತೇ ಕಳೆಯುವವರಲ್ಲಿ ಸೊಂಟದ ಮುಂಭಾಗ ಬಿಗಿದಿರುವುದು ಸಾಮಾನ್ಯ. ಇದಕ್ಕೆ ಒಂದು ಮಂಡಿಯನ್ನು ದಿಂಬಿನ ಮೇಲೆ ಊರಿ, ಇನ್ನೊಂದು ಪಾದವನ್ನು ಮುಂದಿಟ್ಟು ಮಾಡುವ ಸ್ಟ್ರೆಚ್ ಎಲ್ಲರಿಗೂ ಗೊತ್ತು. ಹೆಚ್ಚಿನವರು ಮುಂದಕ್ಕೆ ವಾಲಿ ವಾಲಿ ಬೆನ್ನನ್ನು ಬಿಲ್ಲಿನಂತೆ ಬಗ್ಗಿಸುತ್ತಾರೆ, ಸೊಂಟದ ಮುಂಭಾಗಕ್ಕೆ ಏನೂ ತಲುಪುವುದಿಲ್ಲ. ವಾಲಬೇಡಿ. ಊರಿದ ಮಂಡಿಯ ಕಡೆಯ ಪೃಷ್ಠವನ್ನು ಬಿಗಿದು, ಪ್ಯಾಂಟಿನ ಬಕಲ್ ಗಲ್ಲದ ಕಡೆಗೆ ತಿರುಗುವಂತೆ ಸೊಂಟದ ಕಟ್ಟನ್ನು ಒಳಕ್ಕೆ ಎಳೆದುಕೊಳ್ಳಿ. ಹಲವರಿಗೆ ಅಷ್ಟರಲ್ಲೇ ತೊಡೆಯ ಮುಂಭಾಗ ಎಳೆಯುತ್ತದೆ. ಅಲ್ಲಿಂದ ಊರಿದ ಮಂಡಿಯನ್ನು ಚಾಪೆಯ ಮೇಲೆ ಮುಂದಕ್ಕೆ ಎಳೆಯುವವರಂತೆ ಐದು ಸೆಕೆಂಡು ಒತ್ತಿ (ಮಂಡಿ ಜಾರಬಾರದು), ಬಿಟ್ಟು, ಪೃಷ್ಠವನ್ನು ಮತ್ತೆ ಬಿಗಿದು ಎರಡು ಸೆಂ.ಮೀ. ಮುಂದೆ ಸರಿಯಿರಿ. ಎರಡು ಮೂರು ಸುತ್ತು.

ಕುಕ್ಕರುಗಾಲಲ್ಲಿ ಕೂರಲು ಹೋದರೆ ಹಿಮ್ಮಡಿ ಏಳುತ್ತದೆ, ಹಿಂದಕ್ಕೆ ಬೀಳುತ್ತೇವೆ ಎಂಬ ದೂರು ಈಗ ಮೂವತ್ತರ ಹರೆಯದವರದೂ ಹೌದು. ಮನೆಯಲ್ಲಿ ಕಮೋಡ್ ಬಂದ ಮೇಲೆ ಆ ಅಭ್ಯಾಸವೇ ತಪ್ಪಿತು. ಕಣಕಾಲು ಎಷ್ಟು ಬಾಗುತ್ತದೆ ಎಂದು ಅಳೆಯಲು ಮಕ್ಕಳ ಅಳತೆಪಟ್ಟಿ ಸಾಕು. ಗೋಡೆಗೆ ಮುಖ ಮಾಡಿ ನಿಂತು, ಹೆಬ್ಬೆರಳ ತುದಿಯನ್ನು ಗೋಡೆಯಿಂದ ದೂರವಿಟ್ಟು, ಹಿಮ್ಮಡಿ ಎತ್ತದೆ ಮಂಡಿಯನ್ನು ಗೋಡೆಗೆ ತಾಗಿಸಿ. ತಾಗುವಷ್ಟು ಹೊತ್ತು ಪಾದವನ್ನು ಹಿಂದೆ ಸರಿಸುತ್ತಾ ಹೋಗಿ. ಹೆಬ್ಬೆರಳಿಂದ ಗೋಡೆಗೆ ಹತ್ತು ಸೆಂ.ಮೀ. ಆಸುಪಾಸು ಸಿಕ್ಕರೆ ಚೆನ್ನಾಗಿದೆ. ಎರಡು ಕಾಲಿನ ನಡುವೆ ಎರಡು ಸೆಂ.ಮೀ.ಗಿಂತ ಹೆಚ್ಚು ವ್ಯತ್ಯಾಸವಿದ್ದರೆ ಕಡಿಮೆಯಿರುವ ಕಾಲನ್ನು ಗಮನಿಸಬೇಕು. ಪರೀಕ್ಷಿಸುವಾಗ ಎಳೆತ ಹಿಂದೆ, ಮೀನಖಂಡದಲ್ಲಿ ಗೊತ್ತಾಯಿತೋ, ಮುಂದೆ ಕಣಕಾಲಿನ ಸಂದಿಯಲ್ಲಿ ಚಿವುಟಿದಂತಾಯಿತೋ? ಮುಂದೆ ಚಿವುಟಿದರೆ ತಡೆ ಇರುವುದು ಕೀಲಿನಲ್ಲಿ. ಮೀನಖಂಡವನ್ನು ವರ್ಷಗಟ್ಟಲೆ ಎಳೆದರೂ ಅದು ಬಿಡುವುದಿಲ್ಲ. ಹಳೆಯ ಉಳುಕಿನವರಲ್ಲಿ ಹೀಗಾಗುತ್ತದೆ. ಹಿಂದೆ ಎಳೆದರೆ ಮಂಡಿ ನೇರವಾಗಿಟ್ಟು ಒಮ್ಮೆ, ಮಂಡಿ ಮಡಚಿ ಒಮ್ಮೆ, ಎರಡೂ ಬಗೆಯಲ್ಲಿ ತಲಾ 30 ಸೆಕೆಂಡು ಗೋಡೆಗೆ ಒರಗಿ ನಿಲ್ಲಿ. ಮೇಲಿನ ಸ್ನಾಯು ಮಂಡಿಯನ್ನು ದಾಟಿ ಹೋಗುತ್ತದೆ, ಒಳಗಿನದು ದಾಟುವುದಿಲ್ಲ. ಮಂಡಿ ಮಡಚಿದಾಗಲೇ ಒಳಗಿನದರ ಸರದಿ. ಬೆಳಿಗ್ಗೆ ಮೊದಲ ಹೆಜ್ಜೆಗೆ ಹಿಮ್ಮಡಿ ಚುಚ್ಚುವವರು ಮಂಚದಿಂದ ಇಳಿಯುವ ಮೊದಲೇ ಕಾಲ ಮೇಲೆ ಕಾಲು ಹಾಕಿ, ಬೆರಳುಗಳನ್ನು ಕೈಯಿಂದ ಹಿಂದಕ್ಕೆ ಬಗ್ಗಿಸಿ ಹತ್ತು ಸೆಕೆಂಡಿನಂತೆ ಹತ್ತು ಸಲ ಮಾಡಲಿ. ಇಳಿದ ಮೇಲೆ ಮಾಡಿದರೆ ತಡವಾಯಿತು.

ಸಿಕ್ಕ ಚಲನೆ ಉಳಿಯಬೇಕಾದರೆ ಅಲ್ಲಿ ಬಲವೂ ಬೇಕು. ಸ್ಟ್ರೆಚಿಂಗ್ ಮಾಡುವವರು ಇದನ್ನು ಸಾಮಾನ್ಯವಾಗಿ ಬಿಟ್ಟೇಬಿಡುತ್ತಾರೆ. ಕೀಲನ್ನು ಪೂರ್ತಿ ಬಾಗಿಸಿ ಮಾಡುವ ಭಾರದ ವ್ಯಾಯಾಮ, ಸ್ಟ್ರೆಚಿಂಗ್‌ನಷ್ಟೇ ಚೆನ್ನಾಗಿ ಮೈಯನ್ನು ಸಡಿಲಗೊಳಿಸುತ್ತದೆ. ಮನೆಯಲ್ಲಿ ಐದು ಲೀಟರ್‌ನ ನೀರಿನ ಕ್ಯಾನ್ ಇದ್ದರೆ ಅದೇ ಐದು ಕೆ.ಜಿ. ತೂಕ. ಅದನ್ನು ಎರಡೂ ಕೈಯಲ್ಲಿ ಹಿಡಿದು, ಮಂಡಿ ಸ್ವಲ್ಪವೇ ಮಡಚಿ, ಬೆನ್ನು ನೇರವಿಟ್ಟು, ಹಿಂದಿನ ಬಾಗಿಲನ್ನು ಪೃಷ್ಠದಿಂದ ಮುಚ್ಚುವವರಂತೆ ಸೊಂಟವನ್ನು ಹಿಂದಕ್ಕೆ ತಳ್ಳುತ್ತಾ ಮೂರು ಸೆಕೆಂಡಿನಲ್ಲಿ ಬಾಗಿ. ತೊಡೆಯ ಹಿಂದೆ ಎಳೆತ ಗೊತ್ತಾದಲ್ಲಿ ನಿಂತು ಮೇಲೇಳಿ. ಎಂಟು ಹತ್ತು ಸಲ, ಎರಡು ಸುತ್ತು. ಮೀನಖಂಡಕ್ಕೆ ಮೆಟ್ಟಿಲ ಅಂಚಿನಲ್ಲಿ ಪಾದದ ಮುಂಭಾಗ ಊರಿ ನಿಂತು, ಹಿಮ್ಮಡಿಯನ್ನು ನಾಲ್ಕು ಎಣಿಸುತ್ತಾ ಕೆಳಗಿಳಿಸುವುದು. ಕೈಗೆ ಕಂಬಿ ಸಿಗುವಂತಿರಲಿ.

ಪಿಎನ್‌ಎಫ್‌ನ ಇನ್ನೊಂದು ಅಂಗ ನಮ್ಮಲ್ಲಿ ಪ್ರಚಾರಕ್ಕೆ ಬರಲೇ ಇಲ್ಲ, ಓರೆ ಚಲನೆಗಳು. ನಿತ್ಯದ ಕೆಲಸದಲ್ಲಿ ಕೈ ನೇರ ಗೆರೆಯಲ್ಲಿ ಓಡಾಡುವುದು ಕಡಿಮೆ. ಸೆರಗು ಹೊದೆಯುವುದು, ಕಾರಿನ ಬೆಲ್ಟ್ ಎಳೆದುಕೊಳ್ಳುವುದು, ಬಸ್ಸಿನ ಮೇಲಿನ ಕಂಬಿ ಹಿಡಿಯುವುದು ಎಲ್ಲವೂ ಓರೆಯಾಗಿ, ತಿರುವಿನೊಂದಿಗೆ. ಭುಜಕ್ಕೆ ಸುಲಭದ್ದು ಒರೆಯಿಂದ ಕತ್ತಿ ಹಿರಿಯುವ ಚಲನೆ. ಬಲಗೈಯನ್ನು ಎಡಸೊಂಟದ ಹತ್ತಿರ, ಹೆಬ್ಬೆರಳು ಕೆಳಗಾಗಿ ಇಡಿ. ಅಲ್ಲಿಂದ ಕೈಯನ್ನು ತಿರುಗಿಸುತ್ತಾ, ದೇಹದ ಮುಂದಿನಿಂದ ಹಾಯಿಸಿ, ಬಲ ಭುಜದ ಮೇಲೆ ಹೊರಕ್ಕೆ ಎತ್ತಿ. ಕೊನೆಯಲ್ಲಿ ಹೆಬ್ಬೆರಳು ಹಿಂದಕ್ಕೆ ತೋರಬೇಕು. ಕಣ್ಣು ಕೈಯನ್ನು ಹಿಂಬಾಲಿಸಲಿ, ಆಗ ಕತ್ತು ಬೆನ್ನುಗಳೂ ಜೊತೆಗೂಡುತ್ತವೆ. ಮೊದಲು ಬರಿಗೈಯಲ್ಲಿ ಹತ್ತು ಸಲ, ಆಮೇಲೆ ಹಗುರವಾದ ರಬ್ಬರ್ ಬ್ಯಾಂಡನ್ನು ಎಡಪಾದದಡಿ ತುಳಿದುಕೊಂಡು. ಹೆಗಲು ಕಿವಿಯತ್ತ ಏರಿದರೆ ಬ್ಯಾಂಡ್ ಬಿಗಿಯಾಯಿತೆಂದೇ ಅರ್ಥ.

ಆದರೆ ಸಕ್ಕರೆ ಕಾಯಿಲೆಯವರಲ್ಲಿ ಹೆಚ್ಚಾಗಿ ಕಾಣುವ ಫ್ರೋಜನ್ ಶೋಲ್ಡರ್‌ಗೆ ಈ ಉಮೇದು ನಡೆಯದು. ನೀವೇ ಎತ್ತಿದರೂ ಏಳದ, ಬೇರೆಯವರು ಎತ್ತಿದರೂ ಏಳದ ಭುಜ ಅದು. ಮೊದಲು ಕಳೆದುಹೋಗುವುದು ಸಾಮಾನ್ಯವಾಗಿ ಮೊಣಕೈ ಪಕ್ಕೆಗಿಟ್ಟು ಮುಂಗೈಯನ್ನು ಹೊರಕ್ಕೆ ತಿರುಗಿಸುವ ಚಲನೆ. ರಾತ್ರಿ ನೋವಿಗೆ ಎಚ್ಚರವಾಗುವ ಹಂತದಲ್ಲಿ ಜಗ್ಗಿ ಎತ್ತಿಸಿದರೆ ಉರಿ ಹೆಚ್ಚುತ್ತದೆ. ಆಗ ಮುಂದೆ ಬಾಗಿ ಕೈಯನ್ನು ಗಡಿಯಾರದ ಲೋಲಕದಂತೆ ತೂಗಾಡಿಸುವುದಷ್ಟೇ ಸಾಕು. ನೋವು ಇಳಿದು ಬಿಗಿತ ಮಾತ್ರ ಉಳಿದ ಮೇಲೆ ಎಳೆದು ಹಿಡಿಯುವ ವ್ಯಾಯಾಮಕ್ಕೆ ಕಾಲ. ಬೇರೆಯವರು ಎತ್ತಿದರೆ ಸಲೀಸಾಗಿ ಏಳುತ್ತದೆ, ತಾನಾಗಿ ಏಳುವುದಿಲ್ಲ ಎಂದಾದರೆ ಅದು ರಜ್ಜುವಿನದೋ ನರದ್ದೋ ತೊಂದರೆ, ಸ್ಟ್ರೆಚಿಂಗ್‌ನದಲ್ಲ.

ಓಟಗಾರರಿಗೆ ಎರಡೇ ಮಾತು. ಹತ್ತು ಕಿ.ಮೀ. ಓಟದ ಸಾಲಿನಲ್ಲಿ ನಿಂತು ಒಂದೊಂದು ಸ್ನಾಯುವನ್ನೂ ಒಂದು ನಿಮಿಷಕ್ಕಿಂತ ಹೆಚ್ಚು ಎಳೆದು ಹಿಡಿದರೆ ಕಾಲಿನ ಚಿಮ್ಮುವ ಬಲ ಸ್ವಲ್ಪ ಹೊತ್ತು ತಗ್ಗುತ್ತದೆ. ಅಲ್ಲಿ ಬೇಕಾದ್ದು ಕಾಲು ಬೀಸುವುದು, ಉದ್ದ ಹೆಜ್ಜೆಯಲ್ಲಿ ತಗ್ಗಿ ಏಳುವುದು, ನಿಧಾನದ ಓಟ. ಓಡಿದ ಮೇಲೆ ಸ್ಟ್ರೆಚ್ ಮಾಡಿದರೆ ಮಾರನೆಯ ದಿನದ ಮೈನೋವು ತಪ್ಪುತ್ತದೆ ಎಂಬುದು ನಂಬಿಕೆ ಮಾತ್ರ, ಪರೀಕ್ಷೆಗಳಲ್ಲಿ ನಿಂತಿಲ್ಲ.

ಯಾರು ಮಾಡಬಾರದು ಎಂಬುದಕ್ಕೆ ಜಾಗ ಉಳಿಸಿಕೊಳ್ಳಬೇಕು. ಮೊಣಕೈ, ಮಂಡಿ ಹಿಂದಕ್ಕೆ ಬಾಗುವವರು, ಹೆಬ್ಬೆರಳನ್ನು ಮುಂಗೈಗೆ ತಾಗಿಸಬಲ್ಲವರು, ಕಲಿಯದೆಯೇ ಅಂಗೈ ನೆಲಕ್ಕಿಡಬಲ್ಲವರು. ನೃತ್ಯ, ಯೋಗ ತರಗತಿಗಳಲ್ಲಿ ಇವರೇ ಮಾದರಿ ಎನಿಸಿಕೊಳ್ಳುತ್ತಾರೆ, ಆದರೆ ಇವರ ಕೀಲುಗಳಿಗೆ ಬೇಕಿರುವುದು ಬಲ, ಇನ್ನಷ್ಟು ಸಡಿಲವಲ್ಲ. ‘ಬಿಗಿ ಬಿಗಿ ಅನ್ಸುತ್ತೆ’ ಎಂದು ಇವರು ಹೇಳಿದಾಗ ಅದು ಸಡಿಲ ಕೀಲನ್ನು ಸ್ನಾಯು ಹಿಡಿದು ನಿಲ್ಲಿಸಲು ಪಡುತ್ತಿರುವ ಪಾಡು. ಮೂಳೆ ಸವೆದ ಹಿರಿಯರು, ಬಹುಕಾಲ ಸ್ಟೀರಾಯ್ಡ್ ತೆಗೆದುಕೊಂಡವರು ಬೆನ್ನು ದುಂಡಗೆ ಮಾಡಿ ಬಾಗಬಾರದು, ಬೆನ್ನುಮೂಳೆಗಳಲ್ಲಿ ಒಂದು ಕುಸಿಯಬಹುದು. ಸ್ನಾಯು ಹರಿದ ಮೊದಲ ದಿನಗಳಲ್ಲಿ ಎಳೆಯಬಾರದು. ಒಂದೇ ಕಾಲಿನ ಮೀನಖಂಡ ಊದಿ, ಬಿಸಿಯಾಗಿ ನೋಯುತ್ತಿದ್ದರೆ ಅದನ್ನು ಎಳೆಯುವುದೂ ತಿಕ್ಕುವುದೂ ಬೇಡ. ರಕ್ತ ಹೆಪ್ಪುಗಟ್ಟಿರಬಹುದು, ಅದೇ ದಿನ ಡಾಕ್ಟರಿಗೆ ತೋರಿಸಬೇಕು.

ಪಾರ್ಶ್ವವಾಯು ಬಡಿದವರ ಮನೆಯವರಿಗೂ ಒಂದು ಮಾತು. ಬಿಗಿದುಕೊಂಡ ಕೈಯನ್ನು ದಿನಾ ಎಳೆದೆಳೆದು ನೇರ ಮಾಡಿದರೆ ಸರಿಹೋಗುತ್ತದೆ ಎಂದು ಮನೆಮಂದಿ ಶ್ರಮ ಪಡುತ್ತಾರೆ. ಬರೀ ಎಳೆಯುವುದರಿಂದ ಕೀಲಿನ ಚಲನೆಯಲ್ಲಿ ಗಣ್ಯವಾದ ಬದಲಾವಣೆ ಆಗುವುದಿಲ್ಲವೆಂದು ಕೊಕ್ರೇನ್ ಎಂಬ ಸಂಶೋಧಕರ ಜಾಲದ 2017ರ ವಿಮರ್ಶೆ ಹಲವು ಪ್ರಯೋಗಗಳನ್ನು ಒಟ್ಟು ಮಾಡಿ ನೋಡಿ ಹೇಳಿದೆ. ಅಲ್ಲಿನ ಬಿಗಿತ ವೇಗಕ್ಕೆ ಕೆರಳುವಂಥದ್ದು, ಆದ್ದರಿಂದ ಬಟ್ಟೆ ತೊಡಿಸುವಾಗಲೂ ಕೈಯನ್ನು ಬಹಳ ನಿಧಾನವಾಗಿ ಬಿಡಿಸಬೇಕು. ಎಬ್ಬಿಸಿ ಕೂರಿಸಲು ಸೋತ ಕೈಯನ್ನು ಹಿಡಿದು ಎಳೆಯಲೇಬಾರದು, ಭುಜದ ಕೀಲು ಜಾರುತ್ತದೆ. ಬೆನ್ನ ಹಿಂದೆ, ಹೆಗಲ ಮೂಳೆಯ ಕೆಳಗೆ ಕೈ ಕೊಟ್ಟು ಎಬ್ಬಿಸಿ. ಸಮಯ ಇದ್ದರೆ ಅದನ್ನು ಎಳೆಯುವುದಕ್ಕಿಂತ, ಅವರೇ ಕೈಯನ್ನು ಲೋಟದ ಕಡೆ, ಬಾಚಣಿಗೆಯ ಕಡೆ ಒಯ್ಯುವ ಪ್ರಯತ್ನಕ್ಕೆ ಕೊಡುವುದು ಒಳಿತು.

ಪತ್ರಿಕೆಯಲ್ಲಿ ನನ್ನ ಕೋರಿಕೆ ಸಣ್ಣದು. ವ್ಯಾಯಾಮದ ಚಿತ್ರ ಹಾಕುವಾಗ ರೂಪದರ್ಶಿಯ ಹೆಸರಿಗೆ ಕೊಡುವ ಜಾಗದಲ್ಲಿ ಇನ್ನೆರಡು ಸಾಲು ಸೇರಿಸಿ. ಪಶ್ಚಿಮೋತ್ತಾನಾಸನಕ್ಕಾದರೆ ಹೀಗೆ: ‘ಮಡಚಿದ ಕಂಬಳಿಯ ಅಂಚಿನ ಮೇಲೆ ಕೂರಿ. ಎಳೆತ ತೊಡೆಯ ಹಿಂಭಾಗದ ನಡುವೆ ಗೊತ್ತಾಗಬೇಕು. ಬೆನ್ನಲ್ಲಿ ಅಥವಾ ಮಂಡಿಯ ಹಿಂದೆ ಗೊತ್ತಾದರೆ ಮಂಡಿ ಮಡಚಿ. 30 ಸೆಕೆಂಡು, ಎರಡು ಸಲ. ಕಾಲು ಜುಮ್ಮೆನ್ನುವವರು, ಮೂಳೆ ಸವೆದವರು ಮಾಡಬೇಡಿ. ಹಿಂದಿನಿಂದ ಯಾರೂ ಒತ್ತಬಾರದು.’

ಇಂತಿ,
ಒಬ್ಬ ಫಿಸಿಯೋಥೆರಪಿಸ್ಟ್
ಬಸವನಗುಡಿ, ಬೆಂಗಳೂರು